ಅಂಬುಜಮ್ಮನ ಬೆನ್ನಿಗೆ ಬಿದ್ದ ಮ್ಯೂಸಿಕ್ಕು

ನಂಬದೇ ಇರೋರು ಈಗ್ಲೇ ಎದ್ದು ಹೋಗಿ ಮಲಗಿ. ಅರ್ಧ ಕತೆಲಿ ಎದ್ದು ನಿಂತು ಹಂಗೆಲ್ಲಾ ಆಗುತ್ತಾ ಅಂತ ನನ್ನ ಕೇಳ್ಬೇಡಿ. ಇದು ನಮ್ಮ ಚಿಕ್ಕಮ್ಮನ ಓರಗಿತ್ತಿ ಅಂಬುಜಮ್ಮನಿಗೆ ಆಗಿದ್ದು. ಹೋದ ವರ್ಷ, ಕಾರ್ತಿಕ ಮಾಸದಲ್ಲಿ. ಸಾತನೂರಿಂದ ಕಬ್ಬಾಳಿನ ಕಡೆ ಹೋಗೋ ದಾರಿಲಿ ಅವಳ ಊರು. ಊರ ಹೆಸರು ಮಾತ್ರ ಹೇಳಲ್ಲ. ಹೇಳಿದ್ರೆ ಅಂಬುಜಮ್ಮ ನನ್ನ ಚರ್ಮ ಸುಲೀತಾಳೆ.

ಅವತ್ತು ರಾತ್ರಿ ಊಟದ ಹೊತ್ತು ಮೀರಿತ್ತು. ಅಂಬುಜಮ್ಮ ತೋಟದಿಂದ ಹಿಪ್ಪುನೇರಳೆ ಸೊಪ್ಪು ಹೊತ್ಕೊಂಡು ಬರ್ತಿದ್ಲು. ರೇಷ್ಮೆ ಹುಳ ನಾಕನೇ ಜ್ವರ, ಅಂದ್ರೆ ನಾಕನೇ ಪೊರೆ, ಬಿಟ್ಟು ಎದ್ದು ವಾರ ಆಗಿತ್ತು. ಜ್ವರ ಎದ್ದ ಹುಳ ಅಂದ್ರೆ ಗೊತ್ತಲ್ಲ, ಹಗಲಿಲ್ಲ ರಾತ್ರಿಯಿಲ್ಲ, ಮೇಯೋದೇ ಕೆಲಸ. ಹೆರಿಗೆ ಆದೋಳನ್ನಾದ್ರೂ ಒಸಿ ಕಾಯ್ಸಬಹುದು, ಹುಳನ ಕಾಯ್ಸೋಕಾಗಲ್ಲ. ಗಂಡ ಪುಟ್ಟಸ್ವಾಮಿ ಸತ್ತ ಮೇಲೂ ಅಂಬುಜಮ್ಮ ಒಂದು ಬೆಳೆ ಬಿಟ್ಟೋಳಲ್ಲ. ಸಂಜೆ ಕುಯ್ದಿಟ್ಟ ಸೊಪ್ಪನ್ನ ಹೊರೆ ಕಟ್ಟಿ, ಇಬ್ಬನಿಗೆ ಅಂತ ಗಂಡನ ಹಳೇ ಬಿಳಿ ಪಂಚೆ ತಲೆಗೆ ಸುತ್ತಿ, ಅದರ ಮೇಲೆ ಬಟ್ಟೆ ಸುತ್ತಿದ ಸಿಂಬಿ, ಸಿಂಬಿ ಮೇಲೆ ಹೊರೆ. ಕೈ ಬೀಸ್ಕೊಂಡು ನಡೀತಿದ್ಲು. ಅಷ್ಟು ಅಭ್ಯಾಸ ಅವಳಿಗೆ.

ದಾರಿಲಿ ಒಂದು ಆಲದ ಮರ. ಮರದ ಪಕ್ಕ ಹಾಳುಬಾವಿ. ತಿರುವಲ್ಲಿ ಪಂಚಾಯ್ತಿಯೋರು ಹಾಕಿರೋ ಲೈಟಿನ ಕಂಬ. ಆ ಲೈಟು ಒಂದೊಂದ್ಸಲ ಉರಿಯುತ್ತೆ, ಒಂದೊಂದ್ಸಲ ಸುಮ್ನೆ ಮಿಣಮಿಣ ಅನ್ನುತ್ತೆ.

ಮರ ದಾಟಿದ್ಲು. ಜೀರುಂಡೆ ಕೂಗು ಪಟ್ ಅಂತ ನಿಂತೋಯ್ತು.

ಆಮೇಲೆ... ಹಿಂದ್ಗಡೆಯಿಂದ... ಝೂಂ...

ತೆಳ್ಳಗೆ. ನೆಲದ ಒಳಗಿಂದ ಬಂದಂಗೆ. ಅದರ ಮೇಲೆ ಕಿರ್ರ್... ಕಿರ್ರ್... ಎಣ್ಣೆ ಕಾಣದ ರಾಟೆ ತಿರುಗಿದಂಗೆ ಪಿಟೀಲು. ಅದರ ಮೇಲೆ ಒಂದು ಹೆಂಗಸಿನ ಗಂಟಲು, ಹೂಂ... ಹೂಂ... ಹೂಂ...

ಅಂಬುಜಮ್ಮ ನಿಂತ್ಲು. ಆ ಸದ್ದು ಅವಳಿಗೆ ಗುರುತಿತ್ತು. ಊರಿಗೆ ಊರಿಗೇ ಗುರುತಿತ್ತು. ಅದು ಅವಳ ವಿಡಿಯೋದ ಮ್ಯೂಸಿಕ್ಕು.

ವಿಡಿಯೋ ಕತೆ ಹೇಳಿಬಿಡ್ತೀನಿ, ಇಲ್ಲಾಂದ್ರೆ ತಲೆಬುಡ ತಿಳಿಯಲ್ಲ. ಪಕ್ಕದ ಮನೆ ದೊಡ್ಡಲಕ್ಷ್ಮಮ್ಮನ ಮಗ ಚೈತನ್ಯ ಅಂತ. ಕನಕಪುರದಲ್ಲಿ ಮೊಬೈಲ್ ಅಂಗಡಿಲಿ ಕೆಲಸ. ರೀಲ್ಸ್ ಹುಚ್ಚು. ಹಿಂದಿನ ತಿಂಗಳು ಒಂದು ರಾತ್ರಿ ಬೈಕಲ್ಲಿ ಬರೋವಾಗ ಇದೇ ತಿರುವಲ್ಲಿ, ಹಿಂದಿನ ಬೆಳೆ ಹುಳಕ್ಕೆ ಸೊಪ್ಪು ಹೊತ್ತು ಬರ್ತಿದ್ದ ಅಂಬುಜಮ್ಮನ್ನ ಕಂಡ. ಬೈಕ್ ಆಫ್ ಮಾಡ್ದ. ಲಂಟಾನ ಪೊದೆ ಮರೇಲಿ ನಿಂತು ಫೋನಲ್ಲಿ ಹಿಡಿದ. ಮಾರನೇ ದಿನ ಅಂಗಡಿಲಿ ಕೂತು, ಫೋನಲ್ಲಿ ಬಿಟ್ಟಿ ಸಿಗೋ ದೆವ್ವದ ಮ್ಯೂಸಿಕ್ ಒಂದನ್ನ ಅದಕ್ಕೆ ಅಂಟಿಸಿ, "ಕನಕಪುರ ರಸ್ತೆಯ ಆಲದಮರದ ಮೋಹಿನಿ" ಅಂತ ಹಾಕ್ಬುಟ್ಟ. ಅಷ್ಟೇ. ಲಕ್ಷಗಟ್ಟಲೆ ಜನ ನೋಡಿದ್ರು. ಮಾಗಡಿಯೋರು, ಚನ್ನಪಟ್ಟಣದೋರು ಬೈಕ್ ಹಾಕ್ಕೊಂಡು ಮರ ನೋಡೋಕೆ ಬಂದ್ರು.

ವಿಡಿಯೋದಲ್ಲಿ ಇರೋದೇನು? ಬಿಳೀ ಬಟ್ಟೆ. ಬುಸುಬುಸು ಅಂತ ಅಲ್ಲಾಡೋ ದೊಡ್ಡ ತಲೆ. ಅದು ಸೊಪ್ಪಿನ ಹೊರೆ, ಆದ್ರೆ ಮ್ಯೂಸಿಕ್ ಜೊತೆ ನೋಡಿದ್ರೆ ಕೆದರಿದ ಕೂದ್ಲು. ನಡೀತಾ ಬರುತ್ತೆ. ಬಾವಿ ಹತ್ರ ನಿಲ್ಲುತ್ತೆ. ಈ ಕಡೆ ತಿರುಗುತ್ತೆ. ಎರಡೂ ಕೈ ನಿಧಾನಕ್ಕೆ ತಲೆಗೆ ಹೋಗುತ್ತೆ... ಅಷ್ಟೊತ್ತಿಗೆ ಪಿಟೀಲು ಕಿಟಾರ್ ಅನ್ನುತ್ತೆ, ವಿಡಿಯೋ ಮುಗೀತು. ತಲೆ ಕಿತ್ತು ಕೈಗೆ ತಗೋತಾಳೆ ಅಂತ ಜನ ಕಿರುಚಿದ್ರು.

"ತಲೆ ಕೀಳೋಕೆ ನನಗೇನು ಹುಚ್ಚಾ? ಸಿಂಬಿ ಸರಿ ಮಾಡ್ಕತಿದ್ದೆ ಕಣ್ರೋ!" ಅಂದ್ಲು ಅಂಬುಜಮ್ಮ.

ಊರೋರು ನಕ್ಕರು. ಗೊತ್ತು ಬುಡಕ್ಕಾ, ನೀನೇ ಅಂತ ಗೊತ್ತು ಅಂದ್ರು. ಆದ್ರೆ ನಗು ಗಂಟಲಿಂದ ಕೆಳಗಿಳೀಲಿಲ್ಲ. ಮೊದಲು ಹೈಕ್ಳು ಅವಳನ್ನ ಕಂಡು ಓಡಿದ್ವು. ಆಮೇಲೆ ಬಸುರಿಯರು ಬಾಗಿಲು ಹಾಕ್ಕೊಂಡ್ರು. ಆಮೇಲೆ ಮುಯ್ಯಿ ಮುರೀತು.

ಮುಯ್ಯಿ ಮುರಿಯೋದು ಅಂದ್ರೆ ಸಣ್ಣ ಮಾತಲ್ಲ. ಹುಳ ಹಣ್ಣಾಗೋ ದಿನ, ಅಂದ್ರೆ ಮೇವು ಬಿಟ್ಟು ಗೂಡು ಕಟ್ಟೋಕೆ ಹೊರಡೋ ದಿನ, ಒಬ್ಬರ ಕೈಲಿ ಆಗೋ ಕೆಲಸ ಅಲ್ಲ ಅದು. ಹಣ್ಣು ಹುಳನ ಒಂದೊಂದಾಗಿ ಆಯ್ದು ಚಂದ್ರಂಕಿಗೆ ಬಿಡ್ಬೇಕು, ಆ ಬಿದಿರ ತಟ್ಟೇಲೇ ಅವು ಗೂಡು ಕಟ್ಟೋದು. ಬಿಡದೆ ಇದ್ರೆ ಕಸದಲ್ಲೇ, ತಾವು ಹಾಕಿದ ಪಿಚ್ಚಿಕೇಲೇ ನೂಲು ಬಿಟ್ಟು ಬೆಳೆಯೆಲ್ಲಾ ಹಾಳು. ಅದಕ್ಕೇ ನಮ್ಮನೆ ಹುಳಕ್ಕೆ ನೀ ಬಾ, ನಿಮ್ಮನೆ ಹುಳಕ್ಕೆ ನಾ ಬತ್ತೀನಿ. ಅಂಬುಜಮ್ಮನಿಗೂ ದೊಡ್ಡಲಕ್ಷ್ಮಮ್ಮನಿಗೂ ಮದುವೆಯಾಗಿ ಬಂದಾಗಿಂದ ಈ ಮುಯ್ಯಿ. ಅವತ್ತು ಮಧ್ಯಾಹ್ನ, ನಾಳೆನೋ ನಾಡಿದ್ದೋ ಹುಳ ಹಣ್ಣಾಗ್ತವೆ ಬಾರವ್ವ ಅಂತ ಕರೆಯೋಕೆ ಹೋದ್ರೆ, ದೊಡ್ಡಲಕ್ಷ್ಮಮ್ಮ ಹೊಸ್ತಿಲು ದಾಟಿ ಈಚೆಗೆ ಬರ್ಲಿಲ್ಲ.

"ಈ ಸಲ ಆಗಕ್ಕಿಲ್ಲ ಕಣೆ ಅಂಬುಜಾ."

"ಯಾಕೆ? ನಾನು ಮೋಹಿನಿ ಅಂತ್ಲಾ?"

"ಅಯ್ ಬುಡ್ತು ಅನ್ನು. ನೀನೇ ಅಂತ ನಂಗೊತ್ತಿಲ್ವಾ? ಆದ್ರೂ... ನಿನ್ ಮುಖ ಕಂಡ್ರೆ ಆ ಸದ್ದು ಕಿವೀಲಿ ಬತ್ತದೆ ಕಣೆ. ಎದೆ ಧಸಕ್ಕಂತದೆ. ನಾನೇನ್ ಮಾಡ್ಲಿ?"

ಅಂಬುಜಮ್ಮ ಅಲ್ಲಿಂದ ತಿರುಗಿ ನಡೆದ್ಲು. ಮನೆಗೆ ಬಂದು ಅತ್ತಳು. ಹೌದು, ಅತ್ತಳು, ಸುಳ್ಳು ಯಾಕೆ ಹೇಳ್ಲಿ. ಅತ್ತು ಮುಖ ತೊಳೆದು, ಯಾರೂ ಬರದಿದ್ರೆ ಒಬ್ಬಳೇ ಆಯ್ತೀನಿ, ಕೈ ಉದುರಿ ಹೋದ್ರೂ ಸರಿ ಅಂತ ಸೊಪ್ಪು ಕುಯ್ಯೋಕೆ ಹೋದ್ಲು.

ಅದೇ ರಾತ್ರಿ ಇದು.

ಝೂಂ...

ಮೊದಲು ಅವಳಿಗೆ ಬಂದಿದ್ದು ಹೆದರಿಕೆ ಅಲ್ಲ, ಸಿಟ್ಟು. ಚೈತನ್ಯ ಮತ್ತೆ ಪೊದೇಲಿ ಫೋನ್ ಹಿಡ್ಕೊಂಡು ನಿಂತವ್ನೆ ಅಂದ್ಕೊಂಡ್ಲು.

"ಲೇ ಚೈತನ್ಯಾ... ಬಾರ್ಲಾ ಈಚೆಗೆ."

ಪೊದೆ ಅಲ್ಲಾಡ್ಲಿಲ್ಲ. ಹೊರೆ ಹೊತ್ಕೊಂಡೇ ಪೊದೆ ಸುತ್ತಿ ನೋಡಿದ್ಲು. ಬೈಕಿಲ್ಲ, ಹುಡುಗ ಇಲ್ಲ. ಸದ್ದು ಮಾತ್ರ ಅವಳ ಬೆನ್ನ ಹಿಂದೇನೇ. ತಿರುಗಿದ್ಲು, ಅದೂ ತಿರುಗಿ ಬೆನ್ನಿಗೇ ಬಂತು. ನಾಕು ಹೆಜ್ಜೆ ಬಿರುಸಾಗಿ ಹಾಕಿದ್ಲು, ಸದ್ದಿನೊಳಗೆ ನಗಾರಿ ಎದ್ದಿತು. ಢಬ್ ಢಬ್ ಢಬ್ ಢಬ್... ನಿಂತ್ಲು. ಪಿಟೀಲು ಒಂದೇ ಎಳೆ ಹಿಡ್ಕೊಂಡು... ನಿಂತೋಯ್ತು. ಅವಳು ಮುಂದೇನು ಮಾಡ್ತಾಳೆ ಅಂತ ಕಾಯ್ದಂಗೆ.

ಆಗ ಬಂತು ನೋಡಿ ಹೆದರಿಕೆ.

ಅಷ್ಟರಲ್ಲಿ ಮುಂದ್ಗಡೆಯಿಂದ ಒಬ್ಬ ಗಂಡಸು ಬಂದ. ಕೈಲಿ ಮಚ್ಚು. ಲೈಟು ಮಿಣಮಿಣ ಅಂದಂಗೆಲ್ಲಾ ಮಚ್ಚಿನ ಅಂಚು ಹೊಳೀತು. ಹೆಂಗಸಿನ ಹೂಂಕಾರ ಏರ್ತಾ ಏರ್ತಾ ಹೋಯ್ತು. ಅವನು ಒಂದೊಂದೇ ಹೆಜ್ಜೆ ಇಡ್ತಾ ಬಂದ. ಅವಳನ್ನ ಕೊಲ್ಲೋಕೇ ಬರ್ತಿದಾನೆ. ಅದರಲ್ಲಿ ಅವಳಿಗೆ ಅನುಮಾನಾನೇ ಇರ್ಲಿಲ್ಲ. ಸದ್ದು ತಡ್ಕೊಳ್ಳೋಕಾಗದೆ ಎರಡೂ ಕಿವಿಗೆ ಬೆರಳಿಟ್ಲು.

ಸದ್ದು ಹೋಯ್ತು.

ಎದುರಿಗೆ ನಿಂತಿದ್ದೋನು ಕೆಂಚಯ್ಯ. ಮೂಗಿಗೆ ನಸ್ಯ ಮೆತ್ಕೊಂಡು, ಮಫ್ಲರ್ ಸುತ್ಕೊಂಡು, ರಾಗಿ ಹೊಲಕ್ಕೆ ಹಂದಿ ಕಾಯೋಕೆ ಹೊರಟಿರೋ ಕೆಂಚಯ್ಯ. ಬೀದಿ ನಾಯಿಗೆ ಬಿಸ್ಕತ್ತು ಹಾಕೋ ಕೆಂಚಯ್ಯ. ಅವಳನ್ನ ಕಂಡು ಅವನೇ ಹೆದರಿ ಅರ್ಧ ಹೆಜ್ಜೆ ಹಿಂದಕ್ಕೆ ಸರಿದ.

ಬೆರಳು ತೆಗೆದ್ಲು. ಕಿರ್ರ್... ಕೊಲೆಗಡುಕ. ಬೆರಳಿಟ್ಲು. ಕೆಂಚಯ್ಯ. ತೆಗೆದ್ಲು, ಕೊಲೆಗಡುಕ. ಇಟ್ಲು, ಕೆಂಚಯ್ಯ.

ಅಂಬುಜಮ್ಮನ ಹೆದರಿಕೆ ಅಲ್ಲೇ ಇಳಿದೋಯ್ತು.

"ಅಂಬುಜಕ್ಕಾ..." ಪಿಸುಗುಟ್ಟಿದ ಕೆಂಚಯ್ಯ. "ನಿನ್ ಹಿಂದೆ... ಏನೋ ಐತೆ..."

"ನಂಗೂ ಕೇಳ್ತೈತೆ. ಸುಮ್ಕಿರು. ಕಿವಿ ಮುಚ್ಕೊ."

"ಆಂ?"

"ಕಿವಿ ಮುಚ್ಕಂಡು ನನ್ನ ನೋಡು."

ಮಚ್ಚು ಕಂಕುಳಿಗೆ ಸಿಕ್ಕಿಸ್ಕೊಂಡು ಕಿವಿ ಮುಚ್ಚಿದ. ನೋಡಿದ. ಕಣ್ಣು ಕಿರಿದು ಮಾಡಿ ಇನ್ನೊಂದ್ಸಲ ನೋಡಿದ.

"ಅಯ್ಯೋ ಸಿವ್ನೆ... ನೀನೇ ಕಣಕ್ಕಾ," ಅಂದ. ಕಿವಿ ಮುಚ್ಚಿದ್ದಕ್ಕೆ ಊರಿಗೇ ಕೇಳೋಂಗೆ ಕೂಗಿದ.

"ಮತ್ತೆ ಇನ್ಯಾರು, ನಿನ್ನತ್ತೆನಾ?"

ಅಂಬುಜಮ್ಮ ಹಿಂದಕ್ಕೆ ತಿರುಗಿದ್ಲು. ಅಲ್ಲೇನೂ ಇಲ್ಲ. ಕತ್ತಲು, ಬಾವಿ ಕಟ್ಟೆ, ಜೋತಾಡೋ ಬಿಳಲು. ಆ ಕತ್ತಲಿಗೇ ಬೈದ್ಲು. ದೆವ್ವಕ್ಕೆ ಬೈಬೇಕು ಅಂತ ನಮ್ಮ ಹಿರೀಕರು ಹೇಳೋದು ಸುಮ್ನೆ ಅಲ್ಲ. "ಥೂ ನಿನ್ನ! ನಿನ್ನ ಯಾರು ಕರುದ್ರು? ನಾನು ಹುಟ್ಟುವಾಗ ನೀನಿದ್ದೇನು? ನನ್ ಮದುವೇಲಿ ಇದ್ದೇನು? ಎಲ್ಲಿಂದ್ಲೋ ಬಂದು ನಾನ್ಯಾರು ಅಂತ ಊರಿಗೆ ನೀನು ಹೇಳೋದಾ? ಬತ್ತೀಯಾ? ಬಾ. ನನ್ ಹಿಂದೇನೇ ಬಾ. ಎಲ್ಲಿಗೆ ಅಂತ ತೋರುಸ್ತೀನಿ."

ಹುಳದ ಮನೆಗೆ ಹೋಗೋ ಬಲಗಡೆ ದಾರಿ ಬಿಟ್ಲು. ಹೊರೆ ಹೊತ್ಕೊಂಡೇ ನೆಟ್ಟಗೆ ಊರೊಳಕ್ಕೆ ನಡೆದ್ಲು. ಬೆನ್ನ ಹಿಂದೆ ಝೂಂ... ಢಬ್... ಹೂಂ... ಅದರ ಹಿಂದೆ ಕಿವಿ ಮುಚ್ಕೊಂಡು ಕೆಂಚಯ್ಯ. ಬೀದಿ ನಾಯಿಗಳು ಒಂದೂ ಬೊಗಳಲಿಲ್ಲ, ಜಗಲಿ ಕೆಳಗೆ ನುಸುಳಿದ್ವು.

ದೊಡ್ಡಲಕ್ಷ್ಮಮ್ಮನ ಮನೇಲಿ ಟಿವಿ ನಡೀತಿತ್ತು. ಚೈತನ್ಯ ಆಗ ತಾನೆ ಕನಕಪುರದಿಂದ ಬಂದು ಜಗಲಿ ಮೇಲೆ ಕೂತಿದ್ದ. ಅಕ್ಕಪಕ್ಕದೋರು ನಾಕಾರು ಜನ ಧಾರಾವಾಹಿ ನೋಡೋಕೆ ಅಂತ ಬಂದು, ಬಾಗಿಲಾಚೆ ಜಗಲೀಲೇ ಕೂತಿದ್ರು. ಮ್ಯೂಸಿಕ್ ಹತ್ರ ಬಂದಂಗೆ ಟಿವಿ ತಾನಾಗೇ ಆಫ್ ಆಯ್ತು ಅಂತ ಕೆಲವರು ಹೇಳ್ತಾರೆ. ನಾನು ಅದನ್ನ ಹೇಳಲ್ಲ, ಕರೆಂಟ್ ಹೋಗಿದ್ರೂ ಹೋಗಿರಬಹುದು. ನಂಗೆ ಗೊತ್ತಿರೋದಷ್ಟೇ ಹೇಳ್ತೀನಿ.

ಅಂಬುಜಮ್ಮ ಅಂಗಳದ ಮಧ್ಯ ನಿಂತ್ಲು. ಸದ್ದು ಅವಳನ್ನ ದಾಟಿ ಜಗಲಿ ಹತ್ತಿತು.

ಮನೆಯೊಳಗಿಂದ ದೊಡ್ಡಲಕ್ಷ್ಮಮ್ಮ ಬಂದ್ಲು. ಸಣ್ಣ ಹುಳಕ್ಕೆ ಸೊಪ್ಪು ಹೆಚ್ತಿದ್ದೋಳು, ಕೈಲಿ ಕತ್ತಿ ಹಾಗೇ ಇತ್ತು. ಚೈತನ್ಯ ತಿರುಗಿ ನೋಡಿದ. ಕಿರ್ರ್... ಕಿರ್ರ್... ಅವನ ಮುಖ ಬೆಳ್ಳಗಾಯ್ತು.

"ಅವ್ವಾ... ಬ್ಯಾಡ..."

ದೊಡ್ಡಲಕ್ಷ್ಮಮ್ಮ ಮಗನನ್ನ ನೋಡಿದ್ಲು. ಅವನ ಬಲಗೈ ಜೇಬಿನೊಳಗೆ ಇತ್ತು. ಢಬ್. ಢಬ್.

"ಜೇಬಲ್ಲೇನೈತೆ?" ಅಂದ್ಲು. ಅವಳ ದನಿ ಅವಳದಾಗಿರ್ಲಿಲ್ಲ. "ಕೈ ತಗಿ... ಕೈ ತಗಿ ಅಂದೆ... ಬರ್ಬೇಡ ಹತ್ರ!"

"ಅವ್ವಾ, ಕತ್ತಿ ಕೆಳಗಿಡು..."

ಹೆತ್ತ ತಾಯಿ, ಹೊಟ್ಟೇಲಿ ಹುಟ್ಟಿದ ಮಗ. ಒಬ್ಬರಿಗೊಬ್ಬರು ಯಮನಂಗೆ ಕಂಡ್ರು. ಕೂತಿದ್ದೋರು ಗೋಡೆಗೆ ಅಂಟ್ಕೊಂಡ್ರು, ಯಾರೂ ಬಿಡಿಸೋಕೆ ಏಳಲಿಲ್ಲ. ದೊಡ್ಡಲಕ್ಷ್ಮಮ್ಮನ ಕತ್ತಿ ಮೇಲಕ್ಕೆ ಹೋಯ್ತು.

ಅಂಬುಜಮ್ಮ ಹೊರೆ ಧೊಪ್ಪಂತ ಎಸೆದು ಜಗಲಿ ಹತ್ತಿದ್ಲು. ಎತ್ತಿದ ಕತ್ತಿಗೆ ಅಡ್ಡ ನಿಂತು, ಸೊಪ್ಪಿನ ಹಸಿರು ಮೆತ್ತಿದ ಎರಡೂ ಅಂಗೈಯಿಂದ ಗೆಳತಿಯ ಎರಡೂ ಕಿವಿ ಒತ್ತಿ ಮುಚ್ಚಿದ್ಲು. ಅವಳ ಕಿವಿ ಮುಚ್ಚೋಕೆ ಹೋಗಿ ತನ್ನ ಕಿವಿ ತೆರೆದೇ ಬಿಟ್ಟಿದ್ಲು. ಅವಳಿಗೂ ಗೆಳತಿ ರಕ್ತ ಕುಡಿಯೋಳಂಗೇ ಕಾಣ್ತಿದ್ಲು. ಆದ್ರೂ ಕೈ ಬಿಡ್ಲಿಲ್ಲ.

ದೊಡ್ಡಲಕ್ಷ್ಮಮ್ಮ ಕಣ್ಣು ಪಿಳಿಪಿಳಿ ಬಿಟ್ಲು. ಮಗನ್ನ ನೋಡಿದ್ಲು. ಕುರುಚಲು ಗಡ್ಡದ, ಜೇಬಿಂದ ಫೋನ್ ತೆಗೆದು ನಿಂತಿರೋ ಮಗ. ಕತ್ತಿ ಠಣ್ ಅಂತ ಕೆಳಗೆ ಬಿತ್ತು. ಆಮೇಲೆ ಎದುರಿಗೆ ನೋಡಿದ್ಲು. ಅಂಬುಜಾ. ಬೆವರು, ಇಬ್ಬನಿ, ಜಾರಿದ ಸಿಂಬಿ, ಅತ್ತು ಊದಿದ ಕಣ್ಣು.

"ಎಲ್ರೂ ಮುಚ್ಕಳ್ರಿ ಕಿವಿ!" ಅಂತ ಕೆಂಚಯ್ಯ ಅಂಗಳದಿಂದ ಕೂಗ್ದ. ಎಲ್ಲರೂ ಮುಚ್ಕೊಂಡ್ರು.

ನೆನೆಸ್ಕೊಂಡ್ರೆ ನಗು ಬರುತ್ತೆ. ಇಡೀ ಜಗಲಿ ತುಂಬ ಜನ, ಎಲ್ಲರ ಬೆರಳೂ ಕಿವೀಲಿ, ಒಬ್ಬರ ಮುಖ ಒಬ್ಬರು ನೋಡ್ತಿದಾರೆ. ಆದ್ರೆ ಅವತ್ತು ಯಾರೂ ನಗಲಿಲ್ಲ. ಹಂಗೇ ತುಂಬ ಹೊತ್ತು ಅಂಬುಜಮ್ಮನ್ನ ನೋಡಿದ್ರು. ಅವಳೂ ಒಬ್ಬೊಬ್ಬರನ್ನೂ ದಿಟ್ಟಿಸಿ ನೋಡಿದ್ಲು, ಕಣ್ಣು ತಪ್ಪಿಸ್ಲಿಲ್ಲ.

ಸ್ವಲ್ಪ ಹೊತ್ತಿಗೆ ದೊಡ್ಡಲಕ್ಷ್ಮಮ್ಮ ಅಂಬುಜಮ್ಮನ ಕೈ ಕೆಳಗಿಳಿಸಿದ್ಲು. ಸದ್ದು ಸಣ್ಣಗಾಗಿತ್ತು. ಬಾಗಿಲ ಸಂದೀಲಿ ಸೊಳ್ಳೆ ಕೂಗಿದಷ್ಟು.

"ಲಕ್ಷ್ಮಕ್ಕಾ," ಅಂದ್ಲು ಅಂಬುಜಮ್ಮ. "ಗೂಡು ಮಾರಕ್ಕೆ ರಾಮನಗರಕ್ಕೆ ಹೋದಾಗ ಬೆಟ್ಟದಲ್ಲಿ ಶೂಟಿಂಗ್ ನೋಡಿದ್ವಲ್ಲ, ನೆಪ್ಪೈತಾ? ಆ ವಿಲನ್ನು?"

"ಐತೆ... ಮರದ ಕೆಳಗೆ ಕಡ್ಳೆಕಾಯಿ ತಿಂತಾ ಕೂತಿದ್ದ. ನಮಗೂ ಕೊಟ್ಟ."

"ಎಷ್ಟು ಒಳ್ಳೆ ಮನುಸ ಅಂದೆ ನೀನು. ಅದೇ ಪಿಚ್ಚರ್ ಟಾಕೀಸಲ್ಲಿ ನೋಡ್ದಾಗ?"

ದೊಡ್ಡಲಕ್ಷ್ಮಮ್ಮ ತಲೆ ತಗ್ಗಿಸಿದ್ಲು. "ಅವನು ಬಂದ್ರೆ ಢಮಢಮ ಅಂತ ಬಾರಿಸೋರು. ನಾನು ಹೆದ್ರಿ ನಿನ್ ತೋಳು ಹಿಡ್ಕಂಡಿದ್ದೆ."

"ಹೂಂ. ಅವತ್ತು ನನ್ ತೋಳು ಹಿಡ್ಕಂಡಿದ್ದೆ. ಈಗ ನನ್ನೇ ಕಂಡು ಹೆದುರ್ಕಂಡು ಒಳಗೆ ಕೂತಿದ್ದೀ."

ದೊಡ್ಡಲಕ್ಷ್ಮಮ್ಮ ಸೆರಗು ಬಾಯಿಗಿಟ್ಕೊಂಡು ಗೊಳೋ ಅಂತ ಅತ್ತುಬಿಟ್ಲು. ಚೈತನ್ಯ ಮತ್ತೆ ಫೋನ್ ತೆಗೆದು, "ಅತ್ತೆ, ಡಿಲೀಟ್ ಮಾಡ್ಬುಡ್ತೀನಿ, ಈಗ್ಲೇ ಮಾಡ್ಬುಡ್ತೀನಿ" ಅಂದ.

"ಮಾಡ್ಬೇಡ," ಅಂದ್ಲು ಅಂಬುಜಮ್ಮ. ಗದರಿದಂಗೇ ಅಂದ್ಲು. "ನಾನ್ಯಾಕ್ಲಾ ಅಳ್ಸೋಗ್ಬೇಕು? ನಾನೇನ್ ಕದ್ದಿದ್ನಾ? ಆ ಸದ್ದು ಕಿತ್ತಾಕು. ನಾನಿರ್ಲಿ. ಕೆಳಗೆ ನನ್ ಹೆಸ್ರು ಬರಿ. ಅಂಬುಜಮ್ಮ, ಹುಳಕ್ಕೆ ಸೊಪ್ಪು ತರ್ತಾವ್ಳೆ ಅಂತ ಬರಿ."

ಹೊರೆ ಎತ್ತಿ ತಲೆಗಿಟ್ಕೊಂಡ್ಲು. ಸದ್ದಿಗೆ, "ನಡಿ, ಹೊತ್ತಾಯ್ತು" ಅಂದ್ಲು. ಅದು ಕುಂಯ್ ಅನ್ನುತ್ತಾ ಅವಳ ಹಿಂದೆ ಹೋಯ್ತು ಅಂತ ಕೆಂಚಯ್ಯ ಈಗಲೂ ಹೇಳ್ತಾನೆ. ಹುಳದ ಮನೆ ಬಾಗಿಲು ತೆಗೆದು ತಟ್ಟೆ ತಟ್ಟೆಗೂ ಸೊಪ್ಪು ಹಾಕಿದ್ಲು. ಹಸಿದಿದ್ದ ಹುಳ ಮೇಯೋಕೆ ಶುರು ಮಾಡಿದ್ವು. ಚರಚರ ಚರಚರ... ಸೋನೆ ಮಳೆ ಹಿಡಿದಂಗೆ. ಆ ಸದ್ದಲ್ಲಿ ಬೇರೆ ಇನ್ನೇನೂ ಕೇಳ್ಲಿಲ್ಲ.

ಬೆಳಕು ಹರಿಯೋ ಮುಂಚೆ ಹುಳ ಹಣ್ಣಾದ್ವು. ಅಂಬುಜಮ್ಮ ಒಬ್ಬಳೇ ಆಯೋಕೆ ಕೂತಿದ್ಲು. ಬಾಗಿಲಲ್ಲಿ ಚಪ್ಪಲಿ ಬಿಡೋ ಸದ್ದು ಕೇಳಿಸ್ತು. ದೊಡ್ಡಲಕ್ಷ್ಮಮ್ಮ, ಅವಳ ಹಿಂದೆ ಚೈತನ್ಯ, ಅವನ ಹಿಂದೆ ಜಗಲಿ ಮೇಲಿದ್ದೋರೆಲ್ಲಾ. ಕೈ ತೊಳ್ಕೊಂಡು ಬಂದು ಸುಮ್ನೆ ಆಯೋಕೆ ಕೂತ್ರು. ಸಂಜೆ ಹೊತ್ತಿಗೆ ಒಂದು ಹುಳ ಬಿಡದಂಗೆ ಎಲ್ಲಾ ಚಂದ್ರಂಕಿ ಹತ್ತಿದ್ವು. ಆ ಬೆಳೆ ಗೂಡು ರಾಮನಗರದ ಮಾರ್ಕೆಟ್ಟಲ್ಲಿ ಎಲ್ಲರೂ ತಿರುಗಿ ನೋಡೋಂಗಿತ್ತು.

ಇಲ್ಲಿಗೆ ಮುಗೀತು ಅಂದ್ಕೊಂಡ್ರಾ? ಇನ್ನೊಂದು ಚೂರು ಐತೆ.

ಹುಳ ಚಂದ್ರಂಕಿ ಹತ್ತಿದ ಆ ಸಂಜೆ ಮುಯ್ಯಾಳಿಗೆಲ್ಲಾ ಮುದ್ದೆ, ಅವರೆಕಾಳು ಸಾರು ಬಡಿಸಿದ್ಲು ಅಂಬುಜಮ್ಮ. ಉಣ್ತಾ ಕೂತಿದ್ದಾಗ ಚೈತನ್ಯ, ಅತ್ತೆ, ಹಾಕ್ದೆ ನೋಡು ಅಂತ ಫೋನ್ ಹಿಡಿದ. ಸದ್ದಿಲ್ಲದ ವಿಡಿಯೋ. ಎಲ್ಲರೂ ಬಗ್ಗಿ ನೋಡಿದ್ರು. ನಡೀತಾ ಬರೋಳು ಅಂಬುಜಮ್ಮ. ತಲೆ ಮೇಲೆ ಸೊಪ್ಪು. ಯಾರಿಗೂ ಏನೂ ಅನ್ನಿಸ್ಲಿಲ್ಲ. ಬಾವಿ ಹತ್ರ ನಿಂತ್ಲು. ಈ ಕಡೆ ತಿರುಗಿದ್ಲು. ಎರಡೂ ಕೈ ಮೇಲಕ್ಕೆ ಹೋಯ್ತು.

"ಇನ್ನೊಂದ್ಸಲ ಹಾಕು," ಅಂದ್ಲು ದೊಡ್ಡಲಕ್ಷ್ಮಮ್ಮ. "ದೊಡ್ಡದು ಮಾಡು... ಅಂಬುಜಾ, ಇದು ಸಿಂಬಿ ಸರಿ ಮಾಡ್ತಿರೋದಲ್ಲ ಕಣೆ."

ಅಲ್ಲ. ಸಿಂಬಿಗೆ ಕೈ ತಾಗೇ ಇಲ್ಲ. ಎರಡು ಬೆರಳು ಎರಡು ಕಿವಿಯೊಳಗೆ. ಹಂಗೇ ನಿಂತು, ಹೆದರದೆ, ಕಣ್ಣು ಮಿಟುಕಿಸದೆ ಈ ಕಡೆ ನೋಡ್ತಿದಾಳೆ.

ಚೈತನ್ಯ ಇದನ್ನ ಹಿಡಿದ ರಾತ್ರಿ ಮ್ಯೂಸಿಕ್ ಇನ್ನೂ ಹಾಕೇ ಇರ್ಲಿಲ್ಲ, ಕಿವಿ ಮುಚ್ಕೊಳ್ಳೋಕೆ ಅಲ್ಲಿ ಸದ್ದೇ ಇರ್ಲಿಲ್ಲ. ಅದನ್ನ ಹಾಕಿದ್ದು ಮಾರನೇ ದಿನ, ಅಂಗಡಿಲಿ. ಅಂಬುಜಮ್ಮನಿಗೆ ಕಿವಿ ಮುಚ್ಚಿದ ನೆನಪೇ ಇಲ್ಲ. ಫೋನ್ ಇಸ್ಕೊಂಡು ಕಣ್ಣ ಹತ್ರ ಹಿಡಿದು ನೋಡಿದ್ಲು. ಆಮೇಲೆ ಕೇಳಿದ್ಲು, "ಅವತ್ತು ಪೊದೆ ಹತ್ರ ನೀನೊಬ್ನೇ ಇದ್ಯೇನ್ಲಾ?"

"ಒಬ್ನೇ ಅತ್ತೆ. ಬೈಕೂ ಆಫ್ ಮಾಡಿದ್ದೆ."

"ಸರಿ. ಉಣ್ಣು," ಅಂತ ಅವನ ತಟ್ಟೆಗೆ ಇನ್ನೊಂದು ಸೌಟು ಸಾರು ಹಾಕಿದ್ಲು.

ಆ ವಿಡಿಯೋ ಇನ್ನೂ ಐತೆ. ಸದ್ದಿಲ್ಲ ಅಂತ ಯಾರೂ ನೋಡಲ್ಲ ಅಷ್ಟೇ. ನನ್ನ ಮಾತು ಬೇಡ, ನೀವೇ ಹುಡುಕಿ ನೋಡಿ, ಬಾವಿ ಹತ್ರ ನಿಲ್ಲಿಸಿ ಕೈ ನೋಡಿ. ಕಬ್ಬಾಳಮ್ಮನಾಣೆಗೂ ಬೆರಳು ಕಿವೀಲೇ ಐತೆ.